ಬದನೆಗೆ ಬಂದ ನುಸಿ, ನುಸಿಗೆ ಬಂದ ನುಸಿ

ನಮ್ಮ ಎದುರು ಮನೆಯವರು ಉಡುಪಿ ಕಡೆಯವರು. ಗ್ರಾಂಟ್ ರೋಡಿನ ಹೋಟೆಲೊಂದರ ಕೌಂಟರಿನಲ್ಲಿ ಕೂತೇ ಕೂದಲು ಬೆಳ್ಳಗಾಗಿಸಿಕೊಂಡವರು. ಹೃದಯದ ಆಪರೇಷನ್ ಆಗಿ ಕೆಲಸ ಬಿಟ್ಟ ಮೇಲೆ ಅವರು ಮಾತನ್ನೂ ಬಿಟ್ಟವರಂತೆ ಮನೆಯೊಳಗೇ ಇರತೊಡಗಿದರು. ಊರಿನಿಂದ ಯಾರೋ ತಂದುಕೊಟ್ಟ ಗುಳ್ಳ ಬದನೆಯ ಬೀಜ ಅವರನ್ನು ಬೊರಿವಲಿಯ ನಮ್ಮ ಬಿಲ್ಡಿಂಗಿನ ಟೆರೇಸಿಗೆ ಹತ್ತಿಸಿತು. ಅಲ್ಲಿ ನನ್ನ ಬೀನ್ಸ್ ಕುಂಡಗಳು ಮೊದಲೇ ಇದ್ದವು. ನಾನು ಶಾಲೆಯಲ್ಲಿ ಕಲಿಸುವುದರಿಂದ ಅವರಿಗೆ ಟೀಚರ್. ಧಾರವಾಡದವಳಾದ ನನಗೆ ಅವರು ಅಣ್ಣಾರು. ಸಂಜೆ ನೀರು ಹಾಕುತ್ತ ನಾವಿಬ್ಬರೂ ಗಿಡಗಳ ಬಗ್ಗೆ, ಆಮೇಲೆ ಬೇರೆಲ್ಲದರ ಬಗ್ಗೆಯೂ ಮಾತಾಡುವಂತಾಯಿತು.

ಆ ಬೇಸಿಗೆಯಲ್ಲಿ ಪಕ್ಕದ ಹಳೆಯ ಬಿಲ್ಡಿಂಗನ್ನು ಕೆಡವುತ್ತಿದ್ದರು. ಟೆರೇಸಿನ ಮೇಲೆಲ್ಲ ಸಿಮೆಂಟಿನ ಧೂಳು. ಮೊದಲು ಬದನೆ ಎಲೆಗಳ ಮೇಲೆ ಬಿಳಿ ಚುಕ್ಕೆಗಳು ಕಂಡವು, ಆಮೇಲೆ ಎಲೆ ಹಳದಿಯಾಗಿ ಒಣಗತೊಡಗಿತು. ತಿರುಗಿಸಿ ನೋಡಿದರೆ ಅಡಿಯಲ್ಲಿ ಜೇಡರ ಬಲೆಯಂಥ ತೆಳುವಾದ ನೂಲು. ಅದರ ನಡುವೆ ಕೆಂಪಗೆ ಪುಡಿ ಉದುರಿಸಿದ ಹಾಗೆ ನುಸಿ.

ಅಣ್ಣಾರು ಅಂಗಡಿಯಿಂದ ಔಷಧ ತಂದು ಹೊಡೆದರು. ಕೆಲವು ದಿನ ಎಲ್ಲ ಸರಿಹೋಯಿತು ಅನ್ನಿಸಿತು. ಆಮೇಲೆ ನುಸಿ ಮೊದಲಿಗಿಂತ ಜೋರಾಗಿ ತಿರುಗಿ ಬಂತು. ಮತ್ತೆ ಹೊಡೆದರು, ಮತ್ತೆ ಬಂತು. ಒಂದು ಸಂಜೆ ಅವರು ಮೇಲೆ ಬರಲೇ ಇಲ್ಲ. ಮರುದಿನವೂ ಇಲ್ಲ. "ಪುನಃ ಸೋಫಾ ಹಿಡಿದಿದ್ದಾರೆ," ಎಂದರು ಅವರ ಹೆಂಡತಿ, ಬಾಗಿಲಲ್ಲಿ ನಿಂತು, ದನಿ ತಗ್ಗಿಸಿ.

ನನ್ನ ಬೀನ್ಸಿಗೂ ನುಸಿ ಹತ್ತಿತ್ತು. ನನ್ನ ಗಂಡನಿಗೆ ಉಬ್ಬಸ, ಹಾಗಾಗಿ ನಾನು ಔಷಧ ಹೊಡೆದಿರಲಿಲ್ಲ; ಎಲೆಗಳ ಅಡಿಗೆ ನೀರು ಚಿಮುಕಿಸುತ್ತಿದ್ದೆ ಅಷ್ಟೆ. ಆದರೂ ನನ್ನ ಗಿಡಗಳು ಅಷ್ಟು ಕೆಟ್ಟಿರಲಿಲ್ಲ. ಯಾಕೆಂದು ತಿಳಿಯಲಿಲ್ಲ. ಗಂಡ ಜೋಗೇಶ್ವರಿಯ ಒಂದು ಸಣ್ಣ ಕಾರ್ಖಾನೆಯಲ್ಲಿ ಯಂತ್ರದ ಬಿಡಿಭಾಗಗಳನ್ನು ಪರೀಕ್ಷಿಸುತ್ತಾರೆ. ಅವರ ಭೂತಗನ್ನಡಿ ತೆಗೆದುಕೊಂಡು ಭಾನುವಾರ ಬೆಳಿಗ್ಗೆ ಒಂದು ಎಲೆ ಹಿಡಿದು ಕೂತೆ.

ನುಸಿಗಳು ಕಂಡವು, ಮುತ್ತಿನಂಥ ಅವುಗಳ ಮೊಟ್ಟೆಗಳೂ ಕಂಡವು. ಅವೆಲ್ಲ ಸುಮ್ಮನೆ ಕೂತಿದ್ದರೆ ಒಂದು ಮಾತ್ರ ಅತ್ತಿತ್ತ ಓಡುತ್ತಿತ್ತು. ಹೊಳೆಯುವ ಮೈ, ಉದ್ದ ಕಾಲು. ಓಡಿಬಂದು ಒಂದು ನುಸಿಯನ್ನು ಹಿಡಿದು ಅಲ್ಲೇ ನಿಂತುಬಿಟ್ಟಿತು. ಭೂತಗನ್ನಡಿಯ ಮೇಲೆ ಫೋನಿಟ್ಟು ವಿಡಿಯೋ ತೆಗೆದು, ಧಾರವಾಡದಲ್ಲಿ ಕೃಷಿ ಕಾಲೇಜಿನಲ್ಲಿ ಕೀಟಶಾಸ್ತ್ರ ಕಲಿಸುವ ತಂಗಿಗೆ ಕಳಿಸಿದೆ. ಅವಳು ಕೂಡಲೇ ಫೋನ್ ಮಾಡಿದಳು.

"ಅಕ್ಕಾ, ಅದನ್ನ ಕೊಲ್ಲಬ್ಯಾಡ! ಅದೂ ನುಸೀನ, ಆದ್ರ ಎಲಿ ಮುಟ್ಟಂಗಿಲ್ಲ. ಎಲಿ ಹೀರೋ ನುಸೀನ್ನ ತಿಂತೈತಿ. ತಾನಾಗೇ ಬಂದೈತಿ ನೋಡು."

"ಮತ್ತ ಅಣ್ಣಾರ ಗಿಡಕ್ಕ ಯಾಕ ಬರಲಿಲ್ಲ?"

"ಔಷಧಕ್ಕ ಮೊದಲ ಸಾಯೋದು ಇದು. ತಿನ್ನೋರು ಸತ್ರ ಉಳಿದವು ಆರಾಮಾಗಿ ಮರಿ ಹಾಕ್ತಾವ. ಔಷಧ ನಿಲ್ಲಸ್ರಿ, ಎಲಿ ತೊಳೀರಿ, ಸ್ವಲ್ಪ ದಿನ ಬಿಟ್ಟು ನಿನ್ನ ಬೀನ್ಸಿನ ಎಲಿ ಒಯ್ದು ಆ ಗಿಡದ ಮ್ಯಾಲ ಇಡ್ರಿ. ಪೂರ್ತಿ ಸ್ವಚ್ಛ ಆಗ್ಬೇಕಂತ ಕೂಡಬ್ಯಾಡ್ರಿ. ಅದಕ್ಕೂ ಉಣ್ಣಾಕ ಏನರ ಉಳೀಬೇಕಲ್ಲ."

ಎದುರು ಮನೆಗೆ ಹೋಗಿ ಹೇಳಿದಾಗ ಅಣ್ಣಾರು ನನ್ನ ಮುಖ ನೋಡಿದರು.

"ಎಂತ ಟೀಚರ್, ತಮಾಷೆಯಾ? ಇದ್ದ ಹುಳವೇ ಸಾಕಾಗಿದೆ. ಇನ್ನು ನಿಮ್ಮ ಹುಳವನ್ನೂ ತಂದು ಬಿಡುದಾ?"

"ಹೇಗಿದ್ರೂ ಗಿಡ ಹೋಗ್ತಾ ಉಂಟಲ್ಲ," ಎಂದರು ಹೆಂಡತಿ ಅಡುಗೆಮನೆಯಿಂದ. "ಒಮ್ಮೆ ಬಿಟ್ಟು ನೋಡುವ. ಆ ಔಷಧದ ವಾಸನೆ ತಪ್ಪಿದ್ರೂ ಸಾಕು ಮಾರಾಯ್ರೆ."

ನಾನು ವಿಡಿಯೋ ತೋರಿಸಿದೆ. ಅಣ್ಣಾರು ಎರಡು ಸಲ ನೋಡಿದರು. ಆಮೇಲೆ ಔಷಧದ ಬಾಟಲಿ ಮತ್ತೆ ಮೇಲೆ ಬರಲಿಲ್ಲ. ಎಲೆ ತೊಳೆದು, ಕಾದು, ಒಂದು ತಂಪು ಸಂಜೆ ಬೀನ್ಸಿನ ಎಲೆಗಳನ್ನು ಸ್ಟೀಲ್ ಡಬ್ಬಿಯಲ್ಲಿ ಹಾಕಿಕೊಂಡು ಟೆರೇಸಿನ ಆ ಮೂಲೆಗೆ ಹೋದೆವು. ಅಣ್ಣಾರು ಬದನೆ ಎಲೆಗಳ ಮೇಲೆ ಅವನ್ನು ಒಂದೊಂದಾಗಿ ಇಟ್ಟರು.

ಮೊದಲಿಗೆ ಏನೂ ಆಗಲಿಲ್ಲ. ಎರಡು ಗಿಡ ಸತ್ತೇ ಹೋದವು. ಸುಮ್ಮನೆ ಆಸೆ ಹುಟ್ಟಿಸಿದೆನೇನೋ ಎಂದು ನನಗೆ ಹಳಹಳಿಯಾಯಿತು. ಆದರೂ ಅಣ್ಣಾರು ದಿನವೂ ಭೂತಗನ್ನಡಿ ಇಸಿದುಕೊಂಡು ಮೇಲೆ ಹೋಗುತ್ತಿದ್ದರು. ಒಂದು ದಿನ ನಾನು ಮೆಟ್ಟಿಲು ಹತ್ತುತ್ತಿರುವಾಗಲೇ ಅವರ ಕೂಗು ಕೇಳಿಸಿತು.

"ಟೀಚರ್, ಬೇಗ ಬನ್ನಿ! ನಿಮ್ಮ ಹುಳ ಹಿಡೀತು, ಹಿಡೀತು!"

ಕುಂಡದ ಪಕ್ಕ ಮೊಣಕಾಲೂರಿ, ಎಲೆಗೆ ಮೂಗು ತಾಗಿಸಿ ಕೂತಿದ್ದರು. ಆಪರೇಷನ್ ಆದ ಮೇಲೆ ಅವರು ಅಷ್ಟು ಜೋರಾಗಿ ಮಾತಾಡಿದ್ದನ್ನು ನಾನು ಕೇಳಿರಲಿಲ್ಲ.

ಮುಂದೆ ಬಂದ ಚಿಗುರು ಹಸಿರಾಗಿಯೇ ಉಳಿಯಿತು. ಹಳೆಯ ಎಲೆಗಳು ಉದುರಿದವು, ಗಿಡಗಳು ನೇರಳೆ ಹೂವು ಬಿಟ್ಟವು, ಮಳೆಗಾಲದ ಹೊತ್ತಿಗೆ ಪಟ್ಟೆಯಿರುವ ದುಂಡು ಗುಳ್ಳಗಳು ತೂಗಿದವು. ನುಸಿ ಪೂರ್ತಿ ಹೋಗಲಿಲ್ಲ. ಹುಡುಕಿದರೆ ಎಲೆ ಹೀರುವವೂ ಸಿಗುತ್ತಿದ್ದವು, ಅವನ್ನು ತಿನ್ನುವವೂ ಸಿಗುತ್ತಿದ್ದವು.

ಈಗ ಟೆರೇಸಿನಲ್ಲಿ ಯಾರೂ ಔಷಧ ಹೊಡೆಯುವುದಿಲ್ಲ, ಅಣ್ಣಾರು ಬಿಡುವುದಿಲ್ಲ. ಮೊನ್ನೆ ಬಿ ವಿಂಗಿನ ಗುಜರಾತಿ ಅಜ್ಜಿಯೊಬ್ಬರು ತಮ್ಮ ಗುಲಾಬಿಯ ಒಣಗಿದ ಎಲೆ ಹಿಡಿದು ಬಂದಿದ್ದರು. ಅಣ್ಣಾರು ಅವರನ್ನು ಕುರ್ಚಿಯಲ್ಲಿ ಕೂರಿಸಿ, ತಮ್ಮ ಮುರುಕು ಹಿಂದಿಯಲ್ಲಿ ಬಹಳ ಹೊತ್ತು ಏನೇನೋ ವಿವರಿಸಿದರು. ಆಮೇಲೆ ಒಳ್ಳೆಯ ನುಸಿ ಇರುವ ಬದನೆ ಎಲೆಗಳನ್ನು ತಾವೇ ಆರಿಸಿ, ಕಿತ್ತು ಕೊಟ್ಟರು.