ಎದುರಾಳಿ ಇಲ್ಲದ ಎಂಟು ವರ್ಷ

ವೀರಬಸಪ್ಪ ಮೇಷ್ಟ್ರು ಕುರ್ಚಿಯಲ್ಲಿ ಕೂತದ್ದನ್ನು ನಾನು ನೋಡಿರುವುದು ಎರಡೇ ಸಲ. ಉಳಿದಂತೆ ಆ ಮನುಷ್ಯ ಕಾಲಿಗೆ ಚಕ್ರ ಕಟ್ಟಿಕೊಂಡೇ ಹುಟ್ಟಿದವರು. ಮಾತಾಡುವಾಗಲೂ ನಡೆ, ಟೀ ಕುಡಿಯುವಾಗಲೂ ನಡೆ. ಅವರ ಹೆಂಡತಿ ಪಾರವ್ವನವರು, "ನಮ್ಮವರು ನಿದ್ದ್ಯಾಗೂ ಕಾಲು ಆಡಸ್ತಾರ, ಒದ್ದು ಒದ್ದು ಗ್ವಾಡಿ ಸುಣ್ಣ ಉದುರೇತಿ" ಅನ್ನುತ್ತಿದ್ದರು. ತಮಾಷೆಗೆ ಹೇಳಿದ್ದಲ್ಲ. ಗೋಡೆಯನ್ನು ನಾನೇ ನೋಡಿದ್ದೇನೆ.

ಅವರದು ಗದಗದ ಆಚೆ ರೋಣದ ಕಡೆ. ಗರಡಿಯಲ್ಲಿ ಬೆಳೆದವರು. ಹೆಬ್ಬಾಳಕ್ಕೂ ಯಲಹಂಕಕ್ಕೂ ನಡುವೆ ಇದ್ದ ನಮ್ಮ ಪುಟ್ಟ ಕಾಲೇಜಿಗೆ ಪಿ.ಟಿ. ಮೇಷ್ಟ್ರಾಗಿ ಬಂದರು. ಕಾಲೇಜಿನ ಹಿಂದಿನ ಬಾಡಿಗೆ ಮನೆಯಲ್ಲಿ ಮುಸುಕಿನ ಜೋಳದ ತಳಿ ಕೆಲಸಕ್ಕೆಂದು ಬಂದ ಅಮೆರಿಕದವನೊಬ್ಬ ಇದ್ದ. ಸಂಜೆ ಹೊತ್ತು ಹೋಗದೆ ನಮ್ಮ ಹುಡುಗರಿಗೆ ತನ್ನ ದೇಶದ ಫುಟ್‌ಬಾಲ್ ಹೇಳಿಕೊಡುತ್ತಿದ್ದ. ಎಪ್ಪತ್ತೆರಡರಲ್ಲಿ ವಾಪಸು ಹೋಗುವಾಗ ಒಂದು ಚೆಂಡು, ಹರಿದ ರೂಲ್ಸ್ ಪುಸ್ತಕ, ಹದಿನಾಲ್ಕು ಹೆಲ್ಮೆಟ್ಟು ಮೇಷ್ಟ್ರ ಕೈಗೆ ಕೊಟ್ಟು ಹೋದ. ಬುದ್ಧಿ ನೆಟ್ಟಗಿದ್ದವರು ಅದನ್ನು ಬೀರುವಿಗೆ ಹಾಕಿ ಬೀಗ ಜಡಿಯುತ್ತಿದ್ದರು. ಆದರೆ ಊರಿಗೊಂದು ದಾರಿಯಾದರೆ ಎಡವಟ್ಟನಿಗೊಂದು ದಾರಿ. ಮೇಷ್ಟ್ರು ಮಾರನೇ ದಿನವೇ ಗ್ರೌಂಡಿನಲ್ಲಿ ಸುಣ್ಣದ ಗೆರೆ ಎಳೆದರು, ಹತ್ತತ್ತು ಗಜಕ್ಕೆ ಒಂದರಂತೆ.

ಹೆಸರು ಫುಟ್‌ಬಾಲ್, ಆದರೆ ಚೆಂಡು ಹೆಚ್ಚು ಹೊತ್ತು ಇರುವುದು ಕೈಯಲ್ಲಿ. ಚೆಂಡೂ ದುಂಡಗಿಲ್ಲ, ಸುಲಿಯದ ತೆಂಗಿನಕಾಯಿಯ ಆಕಾರ. ಅದನ್ನು ಕಂಕುಳಲ್ಲಿ ಅವುಚಿಕೊಂಡು ಎದುರಾಳಿಗಳ ಕೊನೇ ಗೆರೆ ದಾಟಿದರೆ ಆರು ಪಾಯಿಂಟು. ನಾಲ್ಕು ಪ್ರಯತ್ನದಲ್ಲಿ ಹತ್ತು ಗಜವಾದರೂ ಮುಂದೆ ಹೋಗಬೇಕು, ಇಲ್ಲದಿದ್ದರೆ ಚೆಂಡು ಅವರ ಪಾಲು. ಮೇಷ್ಟ್ರು ನಮಗೆ ಹೇಳಿದ್ದು ಇಷ್ಟೇ: "ಕಬಡ್ಡಿನ ಇದು. ಕೈಯಾಗ ಒಂದು ಚಂಡು ಐತಿ, ಅಷ್ಟ."

ಎಲ್ಲ ಸರಿ, ಆಡುವುದು ಯಾರ ಮೇಲೆ? ಇಡೀ ಬೆಂಗಳೂರಿನಲ್ಲಿ ಈ ಆಟ ಗೊತ್ತಿದ್ದವರು ನಾವೇ. ಪ್ರತಿ ಸಂಜೆ ನಾವೇ ಎರಡು ಭಾಗವಾಗಿ ನಮ್ಮ ಮೇಲೆ ನಾವೇ ಬೀಳುತ್ತಿದ್ದೆವು. ಮಧ್ಯಾಹ್ನ ಒಂದೇ ಡಬ್ಬಿಯಲ್ಲಿ ಚಿತ್ರಾನ್ನ ತಿಂದವನನ್ನು ಸಂಜೆ ಕೆಡವುವುದು ಹೇಗೆ? ಮೆತ್ತಗೆ ಹಿಡಿಯುತ್ತಿದ್ದೆವು, ಅವನೂ ಮೆತ್ತಗೆ ಬೀಳುತ್ತಿದ್ದ. ಮೇಷ್ಟ್ರು ಗೆರೆಯ ಉದ್ದಕ್ಕೂ ಓಡಾಡುತ್ತಾ ಕೂಗುತ್ತಿದ್ದರು: "ಇದು ಆಟ ಅಲ್ಲಲೇ, ಬೀಗಸ್ತನ! ತಾಂಬೂಲ ತರಸ್ಲೇನು?"

ಎದುರಾಳಿಗಳನ್ನು ಹುಡುಕಿಕೊಂಡು ಅವರು ಸೈಕಲ್ ತುಳಿಯದ ಜಾಗವಿಲ್ಲ. ಜಾಲಹಳ್ಳಿಯ ಕಾರ್ಖಾನೆಗಳ ಗೇಟು, ಆರ್.ಟಿ. ನಗರದ ಕ್ಲಬ್ಬು, ಶೆಟ್ಟಿಹಳ್ಳಿಯ ಯುವಕ ಸಂಘ ಎಲ್ಲ ಆಯಿತು. ಎಲ್ಲರೂ ಚೆಂಡನ್ನು ತಿರುಗಿಸಿ ನೋಡಿ ನಕ್ಕು ವಾಪಸು ಕೊಟ್ಟರು. ಬ್ಯಾಚು ಬಂತು, ಬ್ಯಾಚು ಹೋಯಿತು. ಒಂದೇ ಒಂದು ಮ್ಯಾಚು ಆಡದೆ ಡಿಗ್ರಿ ಮುಗಿಸಿ ಹೋದ ಕ್ಯಾಪ್ಟನ್ನುಗಳೇ ಆರು ಜನ. ಏಳನೆಯವನು ನಾನು, ಅಟ್ಟೂರಿನ ದಾಸಪ್ಪ, ಬಿ.ಕಾಂ. ಕೊನೇ ವರ್ಷ.

ಎಂಬತ್ತರ ಜೂನಿನಲ್ಲಿ ಪ್ರಿನ್ಸಿಪಾಲರು ಮೇಷ್ಟ್ರನ್ನು ಕರೆಸಿ ಕೂರಿಸಿದರು. ನಾನು ನೋಡಿದ ಮೊದಲನೇ ಸಲ ಅದೇ. ನಾನು ಬಾಗಿಲಲ್ಲಿ ನಿಂತಿದ್ದೆ.

"ಎಂಟ್ ವರ್ಷ ಆಯ್ತಲ್ರೀ ವೀರಬಸಪ್ಪ. ಕಮಿಟಿಯವರು ಆ ಗ್ರೌಂಡಲ್ಲಿ ಬಿಲ್ಡಿಂಗ್ ಕಟ್ಬೇಕು ಅಂತಿದಾರೆ. ಜನವರಿ ಒಳಗೆ ಬೇರೆ ಟೀಮ್ ಮೇಲೆ ಒಂದು ಮ್ಯಾಚ್ ಗೆದ್ದು ತೋರ್ಸಿ, ನಾನು ಅವರ ಹತ್ರ ಮಾತಾಡ್ತೀನಿ. ಇಲ್ಲಾಂದ್ರೆ ಆಟನೂ ಬಂದ್, ಗ್ರೌಂಡೂ ಬಂದ್."

ಕುರ್ಚಿಯ ಕೆಳಗೆ ಮೇಷ್ಟ್ರ ಬಲಗಾಲು ಒಂದೇ ಸಮನೆ ಕುಣಿಯುತ್ತಿತ್ತು.

ಆ ವಾರವೇ ಅವರು ಯಾರೋ ನೆಂಟರನ್ನು ರೈಲು ಹತ್ತಿಸಲು ಯಶವಂತಪುರಕ್ಕೆ ಹೋದರು. ಅಲ್ಲಿ ಗೂಡ್ಸ್ ಶೆಡ್ಡಿನಲ್ಲಿ ಹಮಾಲಿಗಳು ಲೋಡು ಇಳಿಸುತ್ತಿದ್ದರು. ವ್ಯಾಗನ್ನಿನಿಂದ ಲಾರಿಗೆ ಒಂದು ಹಲಗೆ, ಬೆನ್ನ ಮೇಲೆ ಕ್ವಿಂಟಾಲ್ ಮೂಟೆ, ಹಲಗೆಯ ಮೇಲೆ ಓಟ. ನಿಲ್ಲುವ ಹಾಗಿಲ್ಲ. ನಿಂತರೆ ಹಿಂದಿನವನ ಮೂಟೆ ಬೆನ್ನಿಗೆ ಬಿತ್ತು ಅಂತಲೇ ಲೆಕ್ಕ. ಎಲ್ಲರಿಗಿಂತ ಮುಂದೆ ಗಯಾಸ್ ಎಂಬುವನು ಓಡುತ್ತಿದ್ದ. ಕುಳ್ಳ, ಎಮ್ಮೆಯಂಥ ಕತ್ತು. ನೆಂಟರ ರೈಲು ಹೋದದ್ದೂ ಮೇಷ್ಟ್ರಿಗೆ ಗೊತ್ತಾಗಲಿಲ್ಲವಂತೆ.

ಮಾರನೇ ದಿನದಿಂದ ಬೆಳಿಗ್ಗೆ ಆರಕ್ಕೆ ಯಶವಂತಪುರದಲ್ಲಿ ಹಮಾಲಿಗಳಿಗೆ ಪಾಠ, ಸಂಜೆ ಐದಕ್ಕೆ ನಮಗೆ. ಎದುರಾಳಿ ಸಿಗದಿದ್ದರೆ ಏನಂತೆ, ತಾನೇ ತಯಾರು ಮಾಡುತ್ತೇನೆ ಅಂತ ಹೊರಟರು ಪುಣ್ಯಾತ್ಮರು! ಮೊದಮೊದಲು ನಕ್ಕೆವು. ದೀಪಾವಳಿ ಹೊತ್ತಿಗೆ ನಗು ನಿಂತಿತು. ನಮಗೆ ಹೇಳದ ಒಂದೆರಡು ಪಟ್ಟುಗಳನ್ನು ಅವರಿಗೆ ಹೇಳಿಕೊಟ್ಟಿದ್ದಾರೆ ಎಂಬ ಸುದ್ದಿ ಬಂತು. ಕೇಳಿದರೆ, "ನಿಮಗೂ ಹೇಳೇನಿ. ನೀವು ಕಲೀಲಿಲ್ಲ" ಅಂದರು. ನನಗೆ ಹೊಟ್ಟೆ ಉರಿದುಹೋಯಿತು. ಯಾಕೆ ಸುಳ್ಳು ಹೇಳಲಿ.

ಹೆದರಿಕೆಯೂ ಇತ್ತು. ಸೋತರೆ ಎಂಟು ವರ್ಷದ ಕೆಲಸ ಮಣ್ಣುಪಾಲು. ಮ್ಯಾಚಿಗೆ ಮೂರು ದಿನ ಇದ್ದಾಗ ಗೊರಗುಂಟೆಪಾಳ್ಯದ ಟೀ ಅಂಗಡಿಯಲ್ಲಿ ಗಯಾಸ್‌ನನ್ನು ಹಿಡಿದೆ.

"ಗಯಾಸಣ್ಣ, ಒಂದ್ ಮಾತು. ನಾವ್ ಸೋತ್ರೆ ಮೇಷ್ಟ್ರ ಗ್ರೌಂಡ್ ಹೋಗುತ್ತೆ. ನಿಮಗೇನು, ಒಂದಿನದ ಆಟ. ಸ್ವಲ್ಪ ನೋಡ್ಕೊಂಡು ಆಡಿ."

ಅವನು ಸಾಸರಿನಲ್ಲಿ ಟೀ ಆರಿಸುತ್ತಾ, "ಸೋಲ್ಬೇಕು ಅಂತೀಯಾ?" ಅಂದ.

"ಮೇಷ್ಟ್ರಿಗೋಸ್ಕರ."

"ಮೇಷ್ಟ್ರಿಗೋಸ್ಕರ ಅಂದ್ರೆ ಮೇಷ್ಟ್ರನ್ನೇ ಕೇಳ್ತೀನಿ ಬಿಡು ಗುರು" ಅಂದು ಎದ್ದುಹೋದ.

ಜನವರಿ ಹದಿನೆಂಟು, ಭಾನುವಾರ. ಹಮಾಲಿಗಳು ತಲೆಗೆ ಗೋಣಿತಾಟು ಸುತ್ತಿ ಬಂದಿದ್ದರು. ಹೆಲ್ಮೆಟ್ಟು ನಮಗೇ ಸಾಲುವಷ್ಟಿದ್ದವು. ಮೇಷ್ಟ್ರು ಎರಡೂ ಟೀಮಿನವರನ್ನು ಒಟ್ಟಿಗೆ ನಿಲ್ಲಿಸಿ, ಯಾರ ಮುಖವನ್ನೂ ನೋಡದೆ ಹೇಳಿದರು: "ಯಾವನರ ಬೇಕಂತ ಬಿದ್ದಾ ಅಂದ್ರ, ಇವತ್ತ ರಾತ್ರಿ ಗಾಡಿಗೆ ನಾ ರೋಣಕ್ಕ ಹೋಗತೀನಿ. ಮತ್ತ ಈ ಕಡೆ ಮುಖ ಹಾಕೂದಿಲ್ಲ." ನಾನು ತಲೆ ಎತ್ತಲಿಲ್ಲ.

ಕಾಂಪೌಂಡಿನ ಮೇಲೆಲ್ಲ ಜನ. ಪ್ರಿನ್ಸಿಪಾಲರು, ಕಮಿಟಿಯವರು ಶಾಮಿಯಾನದ ಕೆಳಗೆ. ಎರಡೂ ಕಡೆ ಒಂದೊಂದು ಟೀಮು ನಿಂತಿದ್ದರೆ ಮೇಷ್ಟ್ರಿಗೆ ನಿಲ್ಲಲು ಜಾಗವೇ ಇಲ್ಲ. ಒಂದು ನಿಮಿಷ ನಮ್ಮ ಕಡೆ, ಒಂದು ನಿಮಿಷ ಅವರ ಕಡೆ, ಬೋನಿಗೆ ಹಾಕಿದ ಹುಲಿಯ ಹಾಗೆ. ಈ ಸಲ ಯಾರೂ ಯಾರನ್ನೂ ಮೆತ್ತಗೆ ಹಿಡಿಯಲಿಲ್ಲ. ನನ್ನ ತುಟಿ ಒಡೆಯಿತು. ಅವರಲ್ಲೊಬ್ಬನ ಹಲ್ಲು ಹೋಯಿತು. ಆರು ಆರು ಸಮ. ಮುಗಿಯಲು ಇನ್ನು ಎರಡು ನಿಮಿಷ.

ಚೆಂಡು ಗಯಾಸ್‌ನ ಕೈಗೆ ಸಿಕ್ಕಿತು. ಕೊನೇ ಗೆರೆಗೆ ಅರವತ್ತು ಗಜ. ಇಬ್ಬರು ಮೈಮೇಲೆ ಬಿದ್ದರು, ನಿಲ್ಲಲಿಲ್ಲ. ಹಲಗೆಯ ಮೇಲೆ ಹೋಗುವ ಹಾಗೆ ಬಗ್ಗಿಕೊಂಡು ಹೋದ. ಅವನ ಹಿಂದೆ ಉಳಿದವನು ನಾನೊಬ್ಬನೇ. ಜೀವಮಾನದಲ್ಲಿ ಹಾಗೆ ಓಡಿಲ್ಲ. ಎದೆ ಒಡೆಯುತ್ತಿತ್ತು. ಒಂದು ಮಾರು, ಅರ್ಧ ಮಾರು... ಆಗ ಪಕ್ಕದಲ್ಲಿ ಯಾರೋ ಓಡುತ್ತಿರುವುದು ಕಂಡಿತು. ಮೇಷ್ಟ್ರು! ಚಪ್ಪಲಿ ಕಳಚಿ ಬಿದ್ದಿದೆ, ಪಂಚೆ ಮೊಣಕಾಲಿನ ಮೇಲೆ, ಗೆರೆಯ ಗುಂಟ ಗಯಾಸ್‌ನ ಸಮಕ್ಕೆ ಓಡುತ್ತಾ ಕೂಗುತ್ತಿದ್ದಾರೆ: "ಓಡಲೇ! ಓಡಲೇ ಮಗನ! ನಿಂದ್ರಬ್ಯಾಡ!"

ನಾನು ಹಾರಿದೆ. ಬೆರಳ ತುದಿಗೆ ಅವನ ಅಂಗಿ ತಗುಲಿತು. ಅಷ್ಟೇ. ಮಣ್ಣು ಮುಕ್ಕಿದೆ. ಹನ್ನೆರಡು, ಆರು.

ಮಾರ್ಚಿನಲ್ಲಿ ಗ್ರೌಂಡಿಗೆ ಪಾಯ ತೋಡಿದರು. ಕೂಲಿಗಳ ಕೈಲಿ ಸೋತ ಟೀಮು ಎಂದು ಕಮಿಟಿಯವರು ನಕ್ಕರಂತೆ. ಮೇಷ್ಟ್ರು ಮತ್ತೆ ಆಗಸ್ಟ್ ಹದಿನೈದರ ಕವಾಯತಿಗೆ ಹುಡುಗರನ್ನು ಸಾಲು ನಿಲ್ಲಿಸುವ ಕೆಲಸಕ್ಕೆ ಬಿದ್ದರು. ನಾನು ಅವರಿಗೆ ಹೇಳದೆ ಕೇಳದೆ ಪರೀಕ್ಷೆ ಬರೆದು ಹೊರಟುಬಂದೆ. ಸೋತದ್ದಕ್ಕಲ್ಲ ನನ್ನ ಸಿಟ್ಟು. ನನ್ನ ಮೇಷ್ಟ್ರು ಎದುರಾಳಿಯ ಪಕ್ಕ ಓಡಿದರಲ್ಲ, ಆ ಸಿಟ್ಟು. ಏಳು ವರ್ಷ ಅದನ್ನು ಹೊಟ್ಟೆಯಲ್ಲಿಟ್ಟುಕೊಂಡು ತಿರುಗಿದೆ.

ಎಂಬತ್ತೆಂಟರಲ್ಲಿ ಯಾರೋ ಹೇಳಿದರು, ಮೇಷ್ಟ್ರಿಗೆ ಲಕ್ವ ಹೊಡೆದಿದೆ ಎಂದು. ಯಲಹಂಕದ ಮನೆಗೆ ಹೋದೆ. ಬಾಗಿಲ ಮುಂದೆ ಬೆತ್ತದ ಕುರ್ಚಿಯಲ್ಲಿ ಕೂತಿದ್ದರು. ಇದೇ ಎರಡನೇ ಸಲ. ಬಲಗಾಲು ಸುಮ್ಮನೆ ಬಿದ್ದಿತ್ತು. ಪಾರವ್ವನವರು ಟೀ ತಂದಿಟ್ಟು, "ಗ್ವಾಡಿಗೆ ಸುಣ್ಣ ಹಚ್ಚಿಸೇನ್ರಿ ಈಗ, ಒದಿಯವರಿಲ್ಲ" ಅಂದು ಒಳಗೆ ಹೋಗಿಬಿಟ್ಟರು.

ಕ್ಷೇಮ ಸಮಾಚಾರ ಕೇಳಬೇಕಿತ್ತು. ನನ್ನ ಬಾಯಿಂದ ಬಂದದ್ದು ಬೇರೆ.

"ಸಾರ್, ಅವತ್ತು ಅವನ ಜೊತೆ ಯಾಕ್ ಓಡಿದ್ರಿ? ನಾನ್ ನಿಮ್ ಹುಡುಗ ಅಲ್ವಾ?"

ಮೇಷ್ಟ್ರು ನನ್ನನ್ನೇ ದಿಟ್ಟಿಸಿದರು. ಬಾಯಿ ಸ್ವಲ್ಪ ಸೊಟ್ಟಗಾಗಿತ್ತು, ಮಾತು ನಿಧಾನ.

"ಲೇ ದಾಸ್ಯಾ. ಎಂಟು ವರ್ಷ ನೀವು ಯಾರೂ ಖರೇನ ಓಡಿರಲಿಲ್ಲ. ಯಾಕ? ಖರೇನ ಬೆನ್ನತ್ತಾವ ಒಬ್ಬನೂ ಇರಲಿಲ್ಲ. ಅವತ್ತ ನೀ ಬೆನ್ನತ್ತಿದ್ದಿ, ಅಂವ ಓಡಿದ. ನಾ ಅವನ ಜೋಡಿ ಅಷ್ಟ ಓಡಿದ್ನೇನು? ನಿನ್ನ ಜೋಡಿನೂ ಓಡಿದ್ನಲ್ಲೋ ಹುಚ್ಚಾ. 'ಓಡಲೇ' ಅಂದದ್ದು ಇಬ್ಬರಿಗೂ."

ಇಷ್ಟು ಹೇಳುವಷ್ಟರಲ್ಲಿ ಅವರಿಗೆ ಉಸಿರು ಕಟ್ಟಿತು. ನಾನು ಪಕ್ಕದಲ್ಲಿ ಕುಕ್ಕರಿಸಿ ಅವರ ಬಲಗಾಲನ್ನು ಹಿಡಿದುಕೊಂಡೆ. ತಣ್ಣಗಿತ್ತು. ಎಡಗಾಲು ಮಾತ್ರ ನೆಲದ ಮೇಲೆ ಒಂದೇ ಸಮನೆ ಕುಣಿಯುತ್ತಿತ್ತು.