ಶಾಂತಾಬಾಯಿಯ ಬಾವಿ, ನನ್ನ ವರದಿ

ಕಳೆದ ವಾರ ಮಂದ್ರೂಪದ ಸಂಬಂಧಿಕರ ಮನೆಗೆಂದು ಸೋಲಾಪುರದಲ್ಲಿ ಬಸ್ಸು ಹತ್ತಿದ್ದೆ. ಮುಂದೆ ತಾಡಪತ್ರಿ ಹೊದ್ದ ಲಾರಿಯೊಂದು ರಸ್ತೆಯುದ್ದಕ್ಕೂ ನೀರು ಸೋರಿಸುತ್ತ ಹೋಗುತ್ತಿತ್ತು. ಹಸಿ ಉಸುಕಿನ ವಾಸನೆ ಕಿಟಕಿಯಿಂದ ಒಳಗೆ ಬಂತು. ಆ ವಾಸನೆಗೆ ಬೇರೆಯವರಿಗೆ ಹೊಳೆ ನೆನಪಾದೀತು. ನನಗೆ ಸರ್ಕಾರಿ ಕಾಗದ ನೆನಪಾಗುತ್ತದೆ. ನಾನು ತಲಾಠಿಯಾಗಿದ್ದವನು. ಹಳ್ಳಿಯ ಹೊಲ, ಬಾವಿ, ಹೊಳೆಗಳ ದಾಖಲೆ ಬರೆದಿಡುವುದು ನನ್ನ ಕೆಲಸ. ಬರೆದಿಡುವುದು ಅಂದೆ, ನೋಡುವುದು ಅನ್ನಲಿಲ್ಲ; ಗಮನಿಸಿದಿರಾ?

ಆಗ ಭೀಮಾ ದಂಡೆಯ ಒಂದು ಹಳ್ಳಿಯಲ್ಲಿದ್ದೆ. ಹೊಳೆಯ ಉಸುಕನ್ನು ಹರಾಜಿಗಿಡುವ ಮೊದಲು ತಲಾಠಿ ವರದಿ ಕೊಡಬೇಕು. ಕುಡಿಯುವ ನೀರಿನ ಬಾವಿ ಹತ್ತಿರವಿದ್ದರೆ ಅಲ್ಲಿ ಉಸುಕು ತೆಗೆಯುವಂತಿಲ್ಲ. ನಿಯಮ ಚೆನ್ನಾಗಿಯೇ ಇತ್ತು. ಆದರೆ ಹೊರಗೆ ಬಿಸಿಲು, ಚಾವಡಿಯೊಳಗೆ ಫ್ಯಾನು. ಹಳೆಯ ನಕಾಶೆಯ ಮೇಲೆ ಪಟ್ಟಿ ಇಟ್ಟು ಅಳೆದು, ‘ಬಾವಿ ಸುರಕ್ಷಿತ ಅಂತರದಲ್ಲಿದೆ’ ಎಂದು ಬರೆದು ಸಹಿ ಹಾಕಿದೆ. ಅಕ್ಷರ ಮಾತ್ರ ಬಲು ದುಂಡಗಿದ್ದವು.

ಗ್ರಾಮಸಭೆಯಲ್ಲಿ ಅದನ್ನು ಓದಿದಾಗ ಎದ್ದು ನಿಂತವಳು ಶಾಂತಾಬಾಯಿ. ಪಂಚಾಯಿತಿಯ ಪಂಪು ಹಚ್ಚಿ ಊರಿಗೆಲ್ಲ ನೀರು ಬಿಡುವಾಕೆ.

“ಭಾವುಸಾಹೇಬ್ರ, ಬಾವಿ ನೋಡೀರೇನ್ರಿ?” ಆ ಕಡೆ ತಲಾಠಿಯನ್ನು ಹಾಗೆಯೇ ಕರೆಯುವುದು.

“ನಕಾಶಾದಾಗ ನೋಡೀನಿ.”

ಸಭೆ ನಕ್ಕಿತು. ಆಕೆ ನಗಲಿಲ್ಲ. “ನಕಾಶಾದಾಗಿನ ನೀರ ಕುಡ್ಯಾಕ ಬರತೈತೇನ್ರಿ? ನಡೀರಿ, ಈಗ ಹೋಗೂಣು.”

ಹೋದೆವು. ಆಕೆ ನನ್ನ ಅಳತೆಯ ಟೇಪಿನ ಒಂದು ತುದಿಯನ್ನು ಬಾವಿಯ ಕಟ್ಟೆಗೆ ಒತ್ತಿ ಹಿಡಿದಳು. ಇನ್ನೊಂದು ತುದಿ ಹಿಡಿದು ನಾನು ಹೊಳೆಯ ಕಡೆ ನಡೆದೆ. ಟೇಪು ಪೂರ್ತಿ ಬಿಚ್ಚುವ ಮೊದಲೇ ನನ್ನ ಬೂಟು ಉಸುಕಿನಲ್ಲಿ ಹೂತುಹೋಯಿತು. ನಕಾಶೆ ಬರೆದ ಮೇಲೆ ಹೊಳೆ ಎಷ್ಟೋ ಸಲ ದಂಡೆ ಕೊರೆದು ಇತ್ತ ಸರಿದಿತ್ತು. ಅದು ನನಗೆ ತಿಳಿಸಿರಲಿಲ್ಲ, ಅಷ್ಟೆ.

ಶಾಂತಾಬಾಯಿ ಕುಳಿತು ಕೈಯಿಂದ ಉಸುಕು ತೋಡಿದಳು. ಮೊಳದಾಳದಲ್ಲಿ ನೀರು ಜಿನುಗಿತು.

“ಈ ಉಸುಕ ನೀರ ಹಿಡದೈತ್ರಿ. ಇದು ಹೋದ್ರ ಬಾವಿ ಒಣಗತೈತಿ. ಮನಿ ಕಟ್ಟಾಕ ನಮಗೂ ಉಸುಕ ಬೇಕ, ಬ್ಯಾಡ ಅನ್ನಂಗಿಲ್ಲ. ಕೆಳಗಿನ ತಿರುವಿನ್ಯಾಗ ತಗೀಲಿ, ಸಲಿಕಿಲೆ ತಗೀಲಿ. ಮಷಿನ್ ಇಳಸೂದು ಬ್ಯಾಡ.”

ಹೊಸ ವರದಿ ಬರೆಯಲು ಕುಳಿತೆ. ಮೊದಲ ಸಾಲು, ‘ನನ್ನ ಹಿಂದಿನ ವರದಿ ತಪ್ಪು.’ ಅಷ್ಟಕ್ಕೇ ನಾಲ್ಕು ಹಾಳೆ ಹರಿದೆ. ಮೇಲಧಿಕಾರಿ ಓದಿ, “ಸಹಿ ಮಾಡಿದ ಮ್ಯಾಲೆ ಚೂಕ ಆತು ಅಂತ ಯಾರರೆ ಬರಕೊಡತಾರೇನು?” ಎಂದು ಗದರಿದರು. ಕಡೆಗೆ ಉಸುಕು ತೆಗೆಯುವ ಜಾಗ ಕೆಳಗಿನ ತಿರುವಿಗೆ ಸರಿಯಿತು. ಕೆಲ ತಿಂಗಳಿಗೆ ನಾನೂ ಅಕ್ಕಲಕೋಟ ತಾಲೂಕಿನ ಚಪಳಗಾಂವದ ಕಡೆ ಸರಿದೆ. ಅದು ಮಾಮೂಲಿ ವರ್ಗವೋ ಶಿಕ್ಷೆಯೋ ನನಗೆ ಗೊತ್ತಿಲ್ಲ. ಹೇಳುವಾಗ ಮಾತ್ರ ಶಿಕ್ಷೆ ಎಂದೇ ಹೇಳುತ್ತ ಬಂದಿದ್ದೇನೆ. ಕಥೆಗೆ ತೂಕ ಬರುತ್ತದೆ.

ಕಳೆದ ವಾರ ಆ ಬಸ್ಸಿನಿಂದ ಮಂದ್ರೂಪದಲ್ಲಿ ಇಳಿಯಬೇಕಾದವನು ಇಳಿಯದೆ ಆ ಹಳ್ಳಿಗೇ ಹೋದೆ. ಶಾಂತಾಬಾಯಿ ಹೊರಸಿನ ಮೇಲೆ ಕುಳಿತಿದ್ದಳು. ಪಂಪಿನ ಕೆಲಸ ಈಗ ಸೊಸೆಯದು. ನಾನು ಯಾರೆಂದು ಹೇಳಿದೆ.

“ಯಾವ ಭಾವುಸಾಹೇಬ್ರಿ? ಬಾಳ ಮಂದಿ ಬಂದ ಹೋಗ್ಯಾರ.”

ಟೇಪಿನ ಕಥೆ ಪೂರಾ ಹೇಳಿದೆ. ಆಕೆ ಗಮನವಿಟ್ಟು ಕೇಳಿ, “ಛಲೋ ಮನಷ್ಯಾ ಇದ್ದ ಬಿಡ್ರಿ ಅಂವ” ಎಂದಳು. ಇಷ್ಟು ವರ್ಷ ನಾನು ಜೋಪಾನವಾಗಿಟ್ಟುಕೊಂಡ ಒಂದೇ ಒಂದು ಶೌರ್ಯ ಯಾರೋ ಮೂರನೆಯವನ ಪಾಲಾಯಿತು. ಮುಜುಗರಕ್ಕೆ ನಕ್ಕೆ.

ಆಕೆ ಮತ್ತೆ ಹೇಳಿದಳು: “ಈ ಸಲ ಬಾವ್ಯಾಗ ನೀರ ತಗ್ಗೈತಿ. ಮ್ಯಾಲಿನ ದಂಡ್ಯಾಗ ಮಷಿನ್ ಇಳಿಸ್ಯಾರ. ಒಂದ ಅರ್ಜಿ ಬರದ ಕೊಡ್ರಿ.”

“ಬಾಯಿ, ನಂದು ನೌಕರಿ ಮುಗದೈತಿ.”

“ನೌಕರಿ ಮುಗದ್ರ ಅಕ್ಷರ ಮರೀತಾವೇನ್ರಿ?”

ಸೊಸೆ ಹಾಳೆ, ಪೆನ್ನು ತಂದು ಕೊಟ್ಟಳು. ನಾನು ಅವನ್ನು ಹೊರಸಿನ ಮೇಲಿಟ್ಟೆ. ಪ್ಯಾಂಟು ಮಡಚಿ, “ಮೊದಲ ಆ ಮಷಿನ್ ತೋಡಿದ ತಗ್ಗು ತೋರಸವ್ವಾ” ಎಂದು ಸೊಸೆಯ ಹಿಂದೆ ಹೊಳೆಯ ಕಡೆ ನಡೆದೆ.