ಸಕ್ಕುಬಾಯಿ ಅಳದೆ ಉಳಿಸಿದ ಹೆಸರು

ಇಂಗ್ಲಿಷಿನಲ್ಲಿ ‘ಪ್ಲ್ಯಾಂಜೆಂಟ್’ ಎಂಬ ಪದವಿದೆ. ಮಾತಿನಲ್ಲಿ ಅದನ್ನು ಬಳಸಿದ ಒಬ್ಬನನ್ನೂ ನಾನು ಕಂಡಿಲ್ಲ. ಪುಸ್ತಕಗಳಲ್ಲಿ, ಅದೂ ಪಿಟೀಲು ಕಚೇರಿಗೆ ಹೋಗಿಬಂದವರು ಬರೆದ ಲೇಖನಗಳಲ್ಲಿ, ಅದು ಜರತಾರಿ ರುಮಾಲು ಸುತ್ತಿಕೊಂಡು ಕೂತಿರುತ್ತದೆ. ಸೊಲ್ಲಾಪುರದಲ್ಲಿ ಇಂಗ್ಲಿಷ್ ಟ್ಯೂಷನ್ ನಡೆಸಿ ಹೊಟ್ಟೆ ಹೊರೆಯುವ ನನಗೆ ಇಂಥ ಪದಗಳನ್ನು ಕಂಡರೆ ಆಗುವುದಿಲ್ಲ. ಎರಡು ವಾಕ್ಯ ನೆಟ್ಟಗೆ ಬರೆಯಲಾರದ ಹುಡುಗರು ಇವನ್ನು ಬಾಯಿಪಾಠ ಮಾಡಿಕೊಂಡು ಬಂದು ನನ್ನೆದುರು ಉದುರಿಸಿದಾಗ ಮೈಯೆಲ್ಲ ಉರಿಯುತ್ತದೆ.

ಆದರೂ ಶೀತಲ ಆ ಪದ ಹೊತ್ತುಕೊಂಡು ಬಂದಾಗ ಅರ್ಥ ಹೇಳಲೇಬೇಕಾಯಿತು. ಶೀತಲ ನನ್ನ ತಂಗಿ ಮಾಳವ್ವನ ಮಗಳು. ನನ್ನ ಮನೆಯಲ್ಲಿದ್ದುಕೊಂಡು ಕಾಲೇಜು ಓದುತ್ತಾಳೆ. ಕಾಲೇಜಿನಲ್ಲಿ ಒಬ್ಬೊಬ್ಬರಿಗೆ ಒಂದೊಂದು ಅಲಂಕಾರದ ಪದ ಹಂಚಿ, ಅರ್ಥ ಮತ್ತು ಬಳಕೆ ವಿವರಿಸಿ, ಒಂದು ಉದಾಹರಣೆಯನ್ನು ಎಲ್ಲರ ಮುಂದಿಡಿ ಎಂದಿದ್ದರಂತೆ.

“ದನಿಗೆ ಅಷ್ಟ ಹಚ್ಚೂ ಮಾತಿದು,” ಎಂದೆ. “ಮಾರಿಗೆ, ಕಣ್ಣಿಗೆ, ಸಂಜಿಗೆ ಹಚ್ಚಿದ್ರ ತಪ್ಪ. ದನಿ ದೊಡ್ಡದಿರಬೇಕು, ಅದರಾಗ ದುಃಖ ಇರಬೇಕು, ನಿಂತ ಮ್ಯಾಲೂ ಕಿವ್ಯಾಗ ಗುಂಯ್ ಅಂತಿರಬೇಕು. ದೊಡ್ಡ ಗಂಟಿಗೆ ಅಂತಾರ, ದಂಡಿಗೆ ಬಡಿಯೂ ಸಮುದ್ರಕ್ಕ ಅಂತಾರ. ಕೂಸು ಹಸ್ತು ಅಳತದಲ್ಲ, ಅದಕ್ಕ ಅನ್ನಂಗಿಲ್ಲ.”

“ಸೊಲ್ಲಾಪುರದಾಗ ಸಮುದ್ರ ಎಲ್ಲಿಂದ ತರ್ಲಿ ಮಾಮಾ?”

ಆಗ ಪದದ ಮೂಲ ಹೇಳಿದೆ. ಲ್ಯಾಟಿನ್ ಭಾಷೆಯಲ್ಲಿ ಅದು ಬಡಿಯುವ ಕ್ರಿಯೆ. ಸತ್ತವರ ಮುಂದೆ ಎದೆ ಬಡಿದುಕೊಂಡು ಅಳುವುದಕ್ಕೂ ಅದೇ ಮಾತು. ಶೀತಲ ಕೂತಲ್ಲಿಂದ ಎದ್ದೇಬಿಟ್ಟಳು. “ಅಂದ್ರ ನಮ್ಮ ಆಯಿ! ಆಯಿ ಅಳೂದು ರೆಕಾರ್ಡ್ ಮಾಡಿಕೊಂಡು ಹೋದ್ರ ಎಲ್ಲಾರಕಿಂತ ನಂದ ಮಸ್ತ ಆಗ್ತದ!”

ಅವಳು ಆಯಿ ಎಂದದ್ದು ತಂದೆಯ ತಾಯಿ ಸಕ್ಕುಬಾಯಿಯನ್ನು. ಈ ಬರಹ ನಿಜವಾಗಿ ಆ ಮುದುಕಿಯ ಬಗ್ಗೆಯೇ.

ಸಕ್ಕುಬಾಯಿಗೆ ಈಗ ಎಪ್ಪತ್ತು ದಾಟಿದೆ. ತವರು ಮಂಗಳವೇಢಾ ಕಡೆಯ ಸಲಗರ ಬುದ್ರುಕ, ಕೊಟ್ಟದ್ದು ಅಕ್ಕಲಕೋಟ ತಾಲೂಕಿನ ಕರಜಗಿಗೆ. ಎರಡೂ ಕಡೆ ಕುರಿ, ಎರಡೂ ಕಡೆ ಮನೆದೇವರು ಬೀರೋಬಾ. ಅವಳ ಅತ್ತೆ ಹಾಡ್ಯಾಡಿ ಅಳುವುದರಲ್ಲಿ ಹೆಸರಾದವಳು. ಸತ್ತವರ ಗುಣ, ನಡೆ, ಊಟ, ಸಿಟ್ಟು ಎಲ್ಲವನ್ನೂ ಹಾಡಿನ ದಾಟಿಯಲ್ಲಿ ಕಟ್ಟುತ್ತ ಅಳುವ ಈ ರೂಢಿ ನಮ್ಮಲ್ಲಿ ಹೆಂಗಸರೆಲ್ಲರಿಗೂ ಅಷ್ಟಿಷ್ಟು ಬರುತ್ತದೆ. ಸಕ್ಕುಬಾಯಿ ಅತ್ತೆಯಿಂದ ಕಲಿತು ಅತ್ತೆಯನ್ನೂ ಮೀರಿಸಿದಳು. ಸುತ್ತಿನ ಯಾವ ಊರಲ್ಲಿ ಸಾವಾದರೂ ಅವಳಿಗೆ ಕರೆ ಬರುತ್ತಿತ್ತು. ಹೋದವಳೇ ಹೆಣದ ಕಾಲ ಬಳಿ ಕೂರುತ್ತಿದ್ದಳು. ಮನೆಯವರನ್ನು ಮೆಲ್ಲಗೆ ಕೇಳುತ್ತಿದ್ದಳು: ಏನನ್ನು ಇನ್ನಷ್ಟು ಹಾಕು ಎಂದು ಬೇಡಿ ಉಣ್ಣುತ್ತಿದ್ದ? ಯಾರೊಂದಿಗೆ ಮಾತು ಬಿಟ್ಟಿದ್ದ? ಅಷ್ಟು ತಿಳಿದರೆ ಸಾಕು, ಆ ಮನುಷ್ಯನನ್ನು ಎಬ್ಬಿಸಿ ನಡುಮನೆಯಲ್ಲಿ ಕೂರಿಸಿಬಿಡುತ್ತಿದ್ದಳು. ಮಾತು ಬಿಟ್ಟವನು ಹೊರಗಿನ ಕಟ್ಟೆಯಲ್ಲಿ ಕೂತು ಬಿಕ್ಕುವುದನ್ನು ನಾನೇ ನೋಡಿದ್ದೇನೆ.

ಅವಳದೊಂದು ನಿಯಮವಿತ್ತು. ಮುಖ ನೋಡದೆ ಅಳುವುದಿಲ್ಲ. ಯಾರಾದರೂ ಪುಣೆಯಲ್ಲಿ ಸತ್ತು ಅಲ್ಲೇ ಸುಟ್ಟರೆ, ಎಷ್ಟು ಬೇಡಿಕೊಂಡರೂ ಹೋಗುತ್ತಿರಲಿಲ್ಲ. “ಮಕಾ ನೋಡದ ಹೆಸರ ಹಿಡದು ಅತ್ರ, ಬದುಕಿದಾಂವನೂ ಸತ್ತಂಗ ಲೆಕ್ಕ,” ಎನ್ನುತ್ತಿದ್ದಳು. ಒಮ್ಮೆ ಹಾಡಿನಲ್ಲಿ ಹೆಸರು ಬಂತೆಂದರೆ ಅದನ್ನು ಯಾರೂ ಹಿಂದಕ್ಕೆ ತರಲಾರರು. ಆ ಊರಿನಲ್ಲಿ ಅದು ಸರ್ಕಾರಿ ದಾಖಲೆಗಿಂತ ದೊಡ್ಡದು.

ಸಕ್ಕುಬಾಯಿಯ ಒಬ್ಬನೇ ಮಗ ಅಮೋಗಸಿದ್ಧ ನನ್ನ ತಂಗಿಯ ಗಂಡ. ಶೀತಲ ಎರಡನೇ ಇಯತ್ತೆಯಲ್ಲಿದ್ದಾಗ, ಕುರಿಗಳಿಗೆ ಔಷಧ ತರುತ್ತೇನೆಂದು ಸೊಲ್ಲಾಪುರದ ಎಸ್‌ಟಿ ಬಸ್ಸು ಹತ್ತಿದವನು ಇಳಿದದ್ದನ್ನು ಯಾರೂ ನೋಡಲಿಲ್ಲ. ಕುಡುಕನಲ್ಲ, ಜಗಳಗಂಟನಲ್ಲ. ಎಡಗಾಲನ್ನು ಸ್ವಲ್ಪ ಎಳೆದು ನಡೆಯುತ್ತಿದ್ದ, ಹೆಗಲ ಮೇಲೆ ಸದಾ ಕರಿ ಕಂಬಳಿ, ಬೆಲ್ಲದ ಚಹಾ ಎಂದರೆ ಪ್ರಾಣ. ಆಸ್ಪತ್ರೆ, ಪೊಲೀಸ್ ಚೌಕಿ, ರೈಲು ಹಳಿ ಎಲ್ಲ ಹುಡುಕಿದೆವು. ಹೆಣವೂ ಸಿಗಲಿಲ್ಲ, ಸುದ್ದಿಯೂ ಸಿಗಲಿಲ್ಲ.

ಅಂದಿನಿಂದ ಆ ಮನೆಗೆ ಹೋಗಲು ನನಗೆ ಅಂಜಿಕೆ. ಹೊತ್ತು ಮುಳುಗುವಾಗ ನಾಯಿ ಎದ್ದು ರಸ್ತೆಯ ಕಡೆ ಬಾಲ ಅಲ್ಲಾಡಿಸುತ್ತದೆ. ರಸ್ತೆಯಲ್ಲಿ ಯಾರೂ ಇರುವುದಿಲ್ಲ. ನನ್ನ ತಂಗಿ ತಂಬಿಗೆಯಲ್ಲಿ ಕಾಲು ತೊಳೆಯುವ ನೀರು ತುಂಬಿ ಹೊಸ್ತಿಲ ಹೊರಗಿಡುತ್ತಾಳೆ. ಬೆಳಗ್ಗೆ ಆ ನೀರನ್ನು ತುಳಸಿಗೆ ಹಾಕುತ್ತಾಳೆ. ಒಂದು ಸಂಜೆ ಅಂಗಳದಲ್ಲಿ ಕೂತಿದ್ದಾಗ, ಬಾಗಿಲ ಬಳಿ ಯಾರೋ ಕೆಮ್ಮಿ ಗಂಟಲು ಸರಿಮಾಡಿಕೊಂಡಂತೆ ನನಗೂ ಕೇಳಿಸಿತು. ಅತ್ತೆ ಸೊಸೆ ಇಬ್ಬರೂ ತಲೆ ಎತ್ತಲಿಲ್ಲ. ಅವರಿಗೆ ರೂಢಿಯಾಗಿತ್ತು.

ಅದಕ್ಕಿಂತ ವಿಚಿತ್ರವಾದದ್ದು ಬೇರೆಯವರ ಸಾವಿನ ಮನೆಗಳಲ್ಲಿ ನಡೆಯಿತು. ಕಲ್ಲಣ್ಣ ಎಂಬ ಎಸ್‌ಟಿ ಬಸ್ಸಿನ ಡ್ರೈವರ್ ತೀರಿಕೊಂಡಾಗ ಸಕ್ಕುಬಾಯಿ “ಹೆಗಲ ಮ್ಯಾಲಿನ ಕರಿ ಕಂಬಳಿ ಯಾರಿಗೆ ಬಿಟ್ಟಿ” ಎಂದು ಅತ್ತಳು. ಕಲ್ಲಣ್ಣ ಜನ್ಮದಲ್ಲಿ ಕಂಬಳಿ ಹೊದ್ದವನಲ್ಲ. ಚಪಳಗಾಂವದ ಸಾತಲಿಂಗಪ್ಪನಿಗೆ ಅಳುವಾಗ ಎಳೆದು ಹಾಕುವ ಎಡಗಾಲು ಬಂತು. ಸಾತಲಿಂಗಪ್ಪ ಸಾಯುವ ತನಕ ನೆಟ್ಟಗೆ ನಡೆದವನು. ಕೂತ ಹೆಂಗಸರ ಅಳು ನಿಂತುಹೋಯಿತು. ಒಬ್ಬೊಬ್ಬರೇ ಬಾಗಿಲ ಕಡೆ ತಿರುಗಿ ನೋಡಿದರು, ಅಮೋಗಸಿದ್ಧ ಬಂದು ನಿಂತಿದ್ದಾನೇನೋ ಎಂಬಂತೆ. ಸಕ್ಕುಬಾಯಿಗೆ ಮಾತ್ರ ತಾನು ಏನು ಅಂದೆನೆಂಬ ಅರಿವು ಇದ್ದಂತಿರಲಿಲ್ಲ. ಆಮೇಲೆ ಜನ ಅವಳನ್ನು ಕರೆಯುವುದನ್ನು ಕಡಿಮೆ ಮಾಡಿದರು. ತಮ್ಮ ಹೆಣದ ಜೊತೆ ಇನ್ನೊಬ್ಬನೂ ಮನೆಗೆ ಬರುವುದು ಯಾರಿಗೆ ಬೇಕು?

ನನಗೆ ಮಾತ್ರ ಮುದುಕಿಯ ಮೇಲೆ ಕೆಂಡದಂಥ ಸಿಟ್ಟು. ಇವಳೊಬ್ಬಳು ಹಟ ಬಿಟ್ಟು ಮಗನ ಹೆಸರು ಹಿಡಿದು ಅತ್ತರೆ ನನ್ನ ತಂಗಿಗೆ ಬಿಡುಗಡೆ. ಹೆಂಡತಿಯೂ ಅಲ್ಲ, ವಿಧವೆಯೂ ಅಲ್ಲ. ಹಬ್ಬ ಬಂದರೆ ಕುಂಕುಮ ಹಚ್ಚುವವರ ಕೈ ಅವಳ ಹಣೆಯ ಹತ್ತಿರ ಬಂದು ತಡವರಿಸುತ್ತದೆ. ಸೊಲ್ಲಾಪುರಕ್ಕೆ ಬಾ ಎಂದು ಎಷ್ಟು ಸಲ ಕರೆದಿದ್ದೇನೆ. “ಅತ್ತೀನ ಬಿಟ್ಟು ಹ್ಯಾಂಗ ಬರ್ಲಿ ಅಣ್ಣಾ,” ಎನ್ನುತ್ತಾಳೆ. ಆ ಮುದುಕಿಯೇ ಇವಳನ್ನು ಕಟ್ಟಿಹಾಕಿದ್ದಾಳೆಂದು ನಾನು ನಂಬಿದ್ದೆ.

ಮುಂದಿನ ರವಿವಾರ ಶೀತಲ ಮತ್ತು ನಾನು ಕರಜಗಿಗೆ ಹೋದೆವು. ಮಧ್ಯಾಹ್ನ ಊಟವಾದ ಮೇಲೆ ಶೀತಲ ವಿಷಯ ತೆಗೆದಳು.

“ಸಾವಿಲ್ಲದ ಮನ್ಯಾಗ ಅಳಬಾರದ ಮಗಳ,” ಎಂದಳು ಸಕ್ಕುಬಾಯಿ. “ಮನಿ ಮಾಳಗಿ ಕೇಳಸ್ಕೋತದ, ಸಾವ ಕರೀತದ.”

“ಮನ್ಯಾಗ ಬ್ಯಾಡ ಆಯಿ, ಕುರಿದೊಡ್ಡ್ಯಾಗ ಅಳು. ಜರಾಸಾ. ನಂದು ಮಾರ್ಕಿನ ವಿಷಯ.”

“ಯಾರ ಹೆಸರ್ಲೆ ಅಳ್ಲಿ? ನಿಮ್ಮ ಸರ್ ಹೆಸರ್ಲೆ ಅಳ್ಲೇನು?”

ಮೂವರೂ ನಕ್ಕೆವು. ಮೊಮ್ಮಗಳು ಬಿಡುವವಳಲ್ಲ. ಹೋದ ಮಳೆಗಾಲದಲ್ಲಿ ಸತ್ತ ದೊಡ್ಡ ಟಗರಿಗೆ ಅಳು ಎಂದಳು. ಸಕ್ಕುಬಾಯಿ ಗೋಡೆ ಹಿಡಿದು ಎದ್ದಳು. “ಹೂಂ, ಟಗರಿಗೆ ಅಳಬಹುದು. ಅದರ ಮಕಾ ನೋಡೀನಿ.” ಮಾಳವ್ವ ಒಳಗೆ ನಮಗೆ ಕಟ್ಟಿಕೊಡಲು ರೊಟ್ಟಿ ಬಡಿಯುತ್ತಿದ್ದಳು. ಆ ಸಪ್ಪಳ ಹೊರಗೆ ಕೇಳುತ್ತಿತ್ತು.

ಆ ಟಗರನ್ನು ಬೆರಳಲ್ಲಿ ಹಾಲು ಚೀಪಿಸಿ ಬೆಳೆಸಿದವನು ಅಮೋಗಸಿದ್ಧ. ಅದು ನಮಗೆ ಯಾರಿಗೂ ಆ ಹೊತ್ತಿಗೆ ನೆನಪಾಗಲಿಲ್ಲ.

ದೊಡ್ಡಿಯ ಮುಳ್ಳುಬೇಲಿಯ ಪಕ್ಕ ಸಕ್ಕುಬಾಯಿ ಕಾಲು ಮಡಚಿ ಕೂತಳು. ಸೆರಗು ತಲೆಯ ಮೇಲೆ ಎಳೆದುಕೊಂಡಳು. ಶೀತಲ ಮೊಬೈಲ್ ಹಿಡಿದು ಎದುರಿಗೆ ಕುಕ್ಕರಿಸಿದಳು.

“ಕೋಡ ತಿರುವಿದ ನನ ರಾಜಾ, ಕೊರಳಿನ ಗೆಜ್ಜಿ ಎಲ್ಲಿಟ್ಟಿ,
ಹಿಂಡಿನ ಮುಂದ ನಡದಾಂವ, ಹಿಂದ ನೋಡದ ಹೆಂಗ ಹ್ವಾದಿ…”

ಮೊದಲ ಸಾಲು ತಮಾಷೆಯಾಗಿಯೇ ಇತ್ತು. ಶೀತಲ ನನ್ನ ಕಡೆ ನೋಡಿ ಕಣ್ಣು ಮಿಟುಕಿಸಿದಳು. ಮೂರನೆಯ ಸಾಲಿಗೆ ಮುದುಕಿಯ ದನಿ ಹೊಟ್ಟೆಯಿಂದ ಬರತೊಡಗಿತು. ಕುರಿಗಳು ಮೆಲುಕು ಹಾಕುವುದನ್ನು ಬಿಟ್ಟವು.

“ಬೆರಳಿಲೆ ಹಾಲ ಕುಡಿಸಿದಾಂವ ಯಾವ ದಾರಿ ಹಿಡದಾನ,
ಅವನ ಹಿಂದ ನೀ ಹ್ವಾದೇನ, ಅವಂಗ ನೀನ ಸಿಕ್ಕೇನ?
ಸಿಕ್ಕರ ಹೇಳೋ ಟಗರಪ್ಪಾ, ಅವ್ವ ಅಳಾಕತ್ತಾಳಂತ…”

ರೊಟ್ಟಿ ಬಡಿಯುವ ಸಪ್ಪಳ ನಿಂತಿತು. ಸಕ್ಕುಬಾಯಿ ಎರಡೂ ಕೈಯಿಂದ ಎದೆ ಬಡಿದುಕೊಂಡಳು. ಆ ದನಿಗೆ ಯಾವ ಪದವೂ ನನಗೆ ಹೊಳೆಯಲಿಲ್ಲ, ನನಗೆ ಹೆದರಿಕೆಯಾಯಿತು. “ಅಮೋಗಸಿದ್ಧಾ” ಎಂದು ಅವಳು ಎಳೆದ ಕರೆ ಊರ ಆಚೆಯ ಹೊಲದ ತನಕ ಹೋಗಿರಬೇಕು. ನಾಯಿ ಎದ್ದು ನಿಂತಿತು, ಬೊಗಳಲಿಲ್ಲ. ಶೀತಲ ಮೊಬೈಲ್ ಆರಿಸಿ ಎದೆಗೊತ್ತಿಕೊಂಡಳು. ಆಮೇಲೆ ಕಾಲೇಜಿನಲ್ಲಿ ಗಂಟೆಯ ಉದಾಹರಣೆ ಕೊಟ್ಟು ಕೂತಳಂತೆ. ಈ ದನಿಯನ್ನು ಯಾರಿಗೂ ಕೇಳಿಸಲಿಲ್ಲ.

ಮಾಳವ್ವ ಓಡಿ ಬಂದಳು. ಹಿಟ್ಟು ಮೆತ್ತಿದ ಕೈಯನ್ನು ಅತ್ತೆಯ ಬಾಯಿಗೆ ಅಡ್ಡ ಇಟ್ಟುಬಿಟ್ಟಳು.

“ಬ್ಯಾಡ್ರಿ ಅತ್ತಿ. ಹೆಸರ ತಗೀಬ್ಯಾಡ್ರಿ. ಬರತಾರ ಅವರು.”

“ಬಿಡವಾ ತಂಗಿ, ಅಳ್ಳಿ,” ಎಂದೆ ನಾನು. “ಇಷ್ಟು ವರ್ಷಕ್ಕ ಬಾಯಿ ಬಿಟ್ಟಾಳ.”

“ನೀ ಸುಮ್ಮಿರಣ್ಣ!” ಎಂದು ಅವಳು ನನ್ನ ಮೇಲೆ ಹರಿಹಾಯ್ದಳು. ನನ್ನ ತಂಗಿ ಆ ದನಿಯಲ್ಲಿ ನನ್ನೊಂದಿಗೆ ಹಿಂದೆಂದೂ ಮಾತಾಡಿರಲಿಲ್ಲ.

ಸಕ್ಕುಬಾಯಿ ಸೊಸೆಯ ಕೈಯನ್ನು ಮೆಲ್ಲಗೆ ಸರಿಸಿ ತನ್ನ ತೊಡೆಯ ಮೇಲಿಟ್ಟುಕೊಂಡಳು. ತುಟಿಗೆಲ್ಲ ಜೋಳದ ಹಿಟ್ಟು ಹತ್ತಿತ್ತು.

“ನನಗ ಎಂದೋ ಗೊತ್ತಾಗ್ಯದ ಮಾಳವ್ವ. ಹೆತ್ತ ಹೊಟ್ಟಿಗೆ ಗೊತ್ತಾಗ್ತದ. ಮೊದಲನೇ ವರ್ಷನ ಅಳೂದು ಬಾಯಿತನಕ ಬಂದಿತ್ತು. ಹೊರಗ ಬಂದು ನೋಡಿದೆ, ನೀ ತಂಬಿಗಿ ತುಂಬಿ ಇಡಾಕತ್ತಿದ್ದಿ. ನುಂಗಿಬಿಟ್ಟೆ.”

“ಮಕಾ ನೋಡದ ಅಳೂದಿಲ್ಲ ಅಂತಿದ್ರಿ…”

“ಸಲಗರದಾಗ ನನ್ನ ತಮ್ಮನ ಮಕಾ ನೋಡದನ ಅತ್ತೀನಿ. ನಿನಗ ಹೇಳಾಕ ಒಂದು ನೆವ ಬೇಕಾಗಿತ್ತವ್ವ.”

ನಾನು ಅಲ್ಲಿ ಯಾಕಾದರೂ ನಿಂತಿದ್ದೇನೋ ಅನ್ನಿಸಿತು. ಕಟ್ಟಿಹಾಕಿದವಳು ಮುದುಕಿಯಲ್ಲ. ಮಗ ಸತ್ತದ್ದನ್ನು ತಿಳಿದೂ ಒಂದು ಮಾತಾಡದೆ, ಸೊಸೆಯ ಆಸೆ ಮುರಿಯಬಾರದೆಂದು, ಊರವರ ಹೆಣಗಳ ಮುಂದೆ ಚೂರುಚೂರಾಗಿ ಅವನನ್ನು ಅತ್ತು ಮುಗಿಸುತ್ತಿದ್ದಳು. ಅಲ್ಲಿಯೂ ಹೆಸರನ್ನು ಮಾತ್ರ ಬಾಯಿಗೆ ತಂದಿರಲಿಲ್ಲ.

ಅಷ್ಟರಲ್ಲಿ ಓಣಿಯಲ್ಲಿ ಹೆಜ್ಜೆ ಸಪ್ಪಳವಾಯಿತು. ಹಾಡ್ಯಾಡಿ ಅಳುವ ದನಿ ಕೇಳಿದರೆ ಕೈಯ ಕೆಲಸ ಬಿಟ್ಟು ಬರುವುದು ಹೆಂಗಸರ ಪದ್ಧತಿ. ನೆರೆಮನೆಯ ಕಸ್ತೂರಬಾಯಿ ಎಲ್ಲರಿಗಿಂತ ಮುಂದೆ ಬಂದು ಬೇಲಿಯ ಆಚೆ ನಿಂತಳು. ಹಿಂದೆ ನಾಲ್ಕಾರು ಜನ.

“ಯಾರು ಹೋದ್ರು ಯವ್ವಾ?” ಎಂದು ಕೇಳಿದಳು.

ಸಕ್ಕುಬಾಯಿ ಸೊಸೆಯ ಮುಖ ನೋಡಿದಳು. ಟಗರಿಗೆ ಅಳುತ್ತಿದ್ದೆವು, ಹುಡುಗಿಯ ಕಾಲೇಜಿನ ಕೆಲಸಕ್ಕೆ ಎಂದರೆ ಸಾಕಿತ್ತು. ಬಂದವರು ನಗುತ್ತ ಬೈಯುತ್ತ ಹೊರಳಿ ಹೋಗುತ್ತಿದ್ದರು, ಸಂಜೆಗೆ ಎಲ್ಲ ಮೊದಲಿನಂತೆಯೇ ಇರುತ್ತಿತ್ತು. ಆ ಮಾತು ನನ್ನ ನಾಲಗೆಯ ತುದಿಗೂ ಬಂದಿತ್ತು. ಮಾಳವ್ವ ಮಗಳನ್ನು ನೋಡಿದಳು, ರಸ್ತೆಯ ಕಡೆ ನೋಡಿದಳು. ನಮ್ಮಲ್ಲಿ ಹೆಂಡತಿ ಗಂಡನ ಹೆಸರು ಹೇಳುವುದಿಲ್ಲ. ಮದುವೆಯ ದಿನ ಎಲ್ಲರೂ ಕಾಡಿದರೂ ಅವಳು ತಲೆ ತಗ್ಗಿಸಿ ಕೂತವಳು. ಪೊಲೀಸ್ ಚೌಕಿಯಲ್ಲಿ ಸಾಹೇಬರು ಕೇಳಿದಾಗಲೂ ನಾನೇ ಹೇಳಿದ್ದೆ.

ಅವಳು ಕೈಯ ಹಿಟ್ಟನ್ನು ಸೆರಗಿಗೆ ಒರೆಸಿಕೊಂಡಳು.

“ಅಮೋಗಸಿದ್ಧ,” ಎಂದಳು.

ಕಸ್ತೂರಬಾಯಿ ಚಪ್ಪಲಿಯನ್ನು ಬೇಲಿಯ ಹೊರಗೆ ಬಿಟ್ಟು ಒಳಗೆ ಬಂದು ಅವಳ ಪಕ್ಕದಲ್ಲಿ ಕೂತಳು.